ಕಲ್ಪಿತ ಲೋಕದಲ್ಲಿ ಮರುಭೂಮಿಯನ್ನು ಕಟ್ಟುವ ಬಗೆ: ಮರಳಿಗಿಂತ ಮೊದಲು ನೀರು

ಕಲ್ಪಿತ ಲೋಕದ ಕತೆ ಬರೆಯುವವರೂ ಅಂಥ ಲೋಕದಲ್ಲಿ ನಡೆಯುವ ಆಟಗಳನ್ನು ಕಟ್ಟುವವರೂ ಮತ್ತೆ ಮತ್ತೆ ಕೇಳುವ ಪ್ರಶ್ನೆಯೊಂದಿದೆ: "ನಕ್ಷೆಯಲ್ಲಿ ಮರುಭೂಮಿಗೆಂದು ಜಾಗ ಬಿಟ್ಟಿದ್ದೇನೆ. ಹಳದಿ ಬಣ್ಣ ಬಳಿದಾಯಿತು, ಒಂಟೆಗಳು ಬಂದವು, ನಡುವೆ ಒಂದು ಖರ್ಜೂರದ ತೋಪೂ ಬಂತು. ಆದರೂ ಅದು ಬರಿಯ ಖಾಲಿ ಜಾಗದಂತೆ ಕಾಣುತ್ತದೆ. ಏನು ಮಾಡಲಿ?" ಬಿಡಿಬಿಡಿಯಾಗಿ ಉತ್ತರಿಸುವುದಕ್ಕಿಂತ ಇಡೀ ಕ್ರಮವನ್ನು ಒಂದೇ ಕಡೆ ಬರೆದಿಡುವುದು ಒಳ್ಳೆಯದೆನಿಸಿ ಈ ಮಾರ್ಗದರ್ಶಿಯನ್ನು ಸಿದ್ಧಪಡಿಸಿದ್ದೇನೆ.

ನನ್ನ ಸಲಹೆಯ ತಿರುಳನ್ನು ಮೊದಲೇ ಹೇಳಿಬಿಡುತ್ತೇನೆ. ಹಳದಿ ಬಣ್ಣವನ್ನು ಪಕ್ಕಕ್ಕಿಟ್ಟು ನೀಲಿ ಪೆನ್ಸಿಲನ್ನು ಕೈಗೆತ್ತಿಕೊಳ್ಳಿ. ನೀರು ಎಲ್ಲಿದೆ, ಎಷ್ಟಿದೆ, ಅದು ಯಾರ ಹಿಡಿತದಲ್ಲಿದೆ ಎಂಬುದು ತೀರ್ಮಾನವಾದರೆ ಊರು, ದಾರಿ, ವ್ಯಾಪಾರ, ಜಗಳ, ದೇವರು, ಹೆಸರುಗಳೆಲ್ಲ ಅದರ ಹಿಂದೆಯೇ ಬರುತ್ತವೆ. ಮರಳಿನಿಂದ ಹೊರಟರೆ ಚಿತ್ರ ಸಿಗುತ್ತದೆಯೇ ಹೊರತು ನಾಡು ಸಿಗುವುದಿಲ್ಲ.

ಉದಾಹರಣೆಗೆಂದು ಕಲ್ಪಿತ ನಾಡೊಂದನ್ನು ಲೇಖನದುದ್ದಕ್ಕೂ ಕಟ್ಟುತ್ತಾ ಹೋಗುತ್ತೇನೆ. ಅದರ ಹೆಸರು ಬೇಗೆನಾಡು.

ಬೇಕಾಗುವ ಸಾಮಗ್ರಿ

ಒಂದು ಗ್ರಾಫ್ ಹಾಳೆ, ಸೀಸದಕಡ್ಡಿ, ನೀಲಿ ಪೆನ್ಸಿಲ್, ಲೆಕ್ಕ ಬರೆಯಲು ಒಂದು ನೋಟ್‌ಬುಕ್ ಇದ್ದರೆ ಸಾಕು. ಗ್ರಾಫ್ ಹಾಳೆಯ ಒಂದು ಚೌಕವನ್ನು ಕಿಲೋಮೀಟರಿನಲ್ಲಿ ಅಳೆಯದೆ, ಹೊರೆ ಹೊತ್ತ ಒಂಟೆಗಳ ಒಂದು ದಿನದ ನಡಿಗೆ ಎಂದು ಇಟ್ಟುಕೊಳ್ಳಿ. ಇದರ ಉಪಯೋಗ ನಾಲ್ಕನೆಯ ಹಂತದಲ್ಲಿ ತಿಳಿಯುತ್ತದೆ.

ಹಂತ 1: ಮಳೆ ಏಕೆ ಬರುವುದಿಲ್ಲ ಎಂಬುದನ್ನು ನಿರ್ಧರಿಸಿ

ವರ್ಷಕ್ಕೆ ಸುಮಾರು 250 ಮಿ.ಮೀ.ಗಿಂತ ಕಡಿಮೆ ಮಳೆ ಬೀಳುವ ಪ್ರದೇಶವನ್ನು ಮರುಭೂಮಿ ಎನ್ನುವುದು ವಾಡಿಕೆ. ಈ ಅಳತೆಯಲ್ಲಿ ಬಿಸಿಲಿನ ಮಾತೇ ಇಲ್ಲ ಎಂಬುದನ್ನು ಗಮನಿಸಿ. ಮಧ್ಯ ಏಷ್ಯಾದ ಗೋಬಿ ಮರುಭೂಮಿಯಲ್ಲಿ ಚಳಿಗಾಲದ ತಾಪಮಾನ ಸೊನ್ನೆಗಿಂತ 40 ಡಿಗ್ರಿ ಕೆಳಗಿಳಿಯುವುದುಂಟು. ಹಿಮ ಹೊದ್ದ ಅಂಟಾರ್ಕ್ಟಿಕಾ ಕೂಡ ಈ ಲೆಕ್ಕದಲ್ಲಿ ಮರುಭೂಮಿಯೇ. ನಿಮ್ಮ ಮರುಭೂಮಿ ಸುಡುವ ನೆಲವೇ ಆಗಬೇಕೆಂಬ ಕಟ್ಟುಪಾಡಿಲ್ಲ.

ಮಳೆ ತಪ್ಪುವುದಕ್ಕೆ ಮುಖ್ಯವಾಗಿ ನಾಲ್ಕು ಕಾರಣಗಳಿವೆ. ಸಮಭಾಜಕ ವೃತ್ತದ ಬಳಿ ಬಿಸಿಯಾಗಿ ಮೇಲೇರಿದ ಗಾಳಿ ಅಲ್ಲಿಯೇ ಮಳೆ ಸುರಿಸಿ, ಒಣಗಿದ ಮೇಲೆ ಉತ್ತರ ಮತ್ತು ದಕ್ಷಿಣದ 30 ಡಿಗ್ರಿ ಅಕ್ಷಾಂಶಗಳ ಆಸುಪಾಸಿನಲ್ಲಿ ಕೆಳಗಿಳಿಯುತ್ತದೆ. ಇಳಿಯುವ ಗಾಳಿಯಲ್ಲಿ ಮೋಡ ಕಟ್ಟುವುದಿಲ್ಲವಾದ್ದರಿಂದ ಸಹಾರಾ, ಅರೇಬಿಯಾ ಮತ್ತು ಆಸ್ಟ್ರೇಲಿಯಾದ ಮರುಭೂಮಿಗಳು ಆ ಪಟ್ಟಿಗಳಲ್ಲಿಯೇ ಇವೆ. ಎರಡನೆಯದು ಮಳೆನೆರಳು, ಅಂದರೆ ಬೆಟ್ಟಸಾಲು ಮೋಡಗಳನ್ನು ತಡೆದು ತನ್ನ ಆಚೆಯ ಬದಿಯನ್ನು ಒಣಗಿಸುವುದು. ಇದನ್ನು ಕನ್ನಡಿಗರಿಗೆ ಹೆಚ್ಚು ವಿವರಿಸಬೇಕಾಗಿಲ್ಲ: ಆಗುಂಬೆಯಲ್ಲಿ ವರ್ಷಕ್ಕೆ 7000 ಮಿ.ಮೀ.ಗೂ ಹೆಚ್ಚು ಮಳೆ ಬಿದ್ದರೆ, ಅಲ್ಲಿಂದ ನೇರ ಅಳತೆಯಲ್ಲಿ ಇನ್ನೂರು ಕಿಲೋಮೀಟರಿನಷ್ಟು ದೂರದ ಚಳ್ಳಕೆರೆಯಲ್ಲಿ ಬೀಳುವುದು 500 ಮಿ.ಮೀ. ಆಸುಪಾಸು. ಘಟ್ಟವನ್ನು ಇನ್ನಷ್ಟು ಎತ್ತರಿಸಿ, ಆಚೆಯಿಂದ ಬರುವ ಹಿಂಗಾರನ್ನೂ ಕಿತ್ತುಹಾಕಿದರೆ ಬಯಲುಸೀಮೆ ಏನಾದೀತೆಂದು ಊಹಿಸಿ. ಮೂರನೆಯದು ಕರಾವಳಿಯ ಪಕ್ಕದಲ್ಲಿ ಹರಿಯುವ ತಣ್ಣನೆಯ ಸಾಗರಪ್ರವಾಹ. ದಕ್ಷಿಣ ಅಮೆರಿಕದ ಅಟಕಾಮಾ, ಆಫ್ರಿಕಾದ ನಮೀಬ್ ಮರುಭೂಮಿಗಳು ಸಮುದ್ರದ ಅಂಚಿನಲ್ಲಿಯೇ ಇದ್ದರೂ ಒಣಗಿರುವುದು ಹೆಚ್ಚಾಗಿ ಇದರಿಂದ. ಅಲ್ಲಿ ಮಳೆಯಿಲ್ಲ, ದಟ್ಟ ಮಂಜು ಮಾತ್ರ ಇದೆ. ನಾಲ್ಕನೆಯದು ಕಡಲಿನಿಂದಿರುವ ದೂರ.

ಇವುಗಳಲ್ಲಿ ಯಾವುದನ್ನು ಆರಿಸಿದಿರಿ ಎಂಬುದರ ಮೇಲೆ ಮುಂದಿನದೆಲ್ಲ ನಿಂತಿದೆ. ಮಳೆನೆರಳಿನ ಮರುಭೂಮಿಯಾದರೆ ಒಂದು ಅಂಚಿನಲ್ಲಿ ಹಿಮದ ಬೆಟ್ಟಗಳಿರುತ್ತವೆ, ಕರಗಿದ ನೀರು ಹೊಳೆಯಾಗಿ ಮರಳಿಗಿಳಿದು ಅಲ್ಲಿಯೇ ಇಂಗಿಹೋಗುತ್ತದೆ. ತಂಪು ಪ್ರವಾಹದ ಮರುಭೂಮಿಯಾದರೆ ಜನರು ಮಂಜನ್ನು ಹಿಡಿದು ಕುಡಿಯಲು ಕಲಿತಿರುತ್ತಾರೆ. ಬೇಗೆನಾಡಿಗೆ ನಾನು ಮಳೆನೆರಳನ್ನೇ ಆರಿಸಿಕೊಂಡಿದ್ದೇನೆ. ಅದರ ಪಡುವಣದಲ್ಲಿ ಮುಗಿಲ್ದಡೆ ಎಂಬ ಬೆಟ್ಟಸಾಲಿದೆ. ಅದರಿಂದ ಇಳಿಯುವ ಮಾಯದಹಳ್ಳ ಎಂಬ ಹೊಳೆ ಆರು ದಿನದ ದಾರಿಯಷ್ಟು ಹರಿದು ಕಾಣೆಯಾಗುತ್ತದೆ.

ಎಚ್ಚರಿಕೆ: ದಟ್ಟ ಮಳೆಕಾಡನ್ನೂ ಮರುಭೂಮಿಯನ್ನೂ ನಡುವೆ ಏನೂ ಇಲ್ಲದೆ ಅಕ್ಕಪಕ್ಕ ಇಡುವುದು ಹೊಸಬರಲ್ಲಿ ಕಾಣುವ ಸಾಮಾನ್ಯ ತಪ್ಪು. ನಡುವೆ ಬೆಟ್ಟವಾದರೂ ಇರಬೇಕು, ಇಲ್ಲವೇ ಹುಲ್ಲುಗಾವಲು, ಕುರುಚಲು ಕಾಡುಗಳ ಅಗಲವಾದ ಪಟ್ಟಿಯಾದರೂ ಇರಬೇಕು.

ಹಂತ 2: ನೆಲವನ್ನು ಬಗೆಬಗೆಯಾಗಿ ವಿಂಗಡಿಸಿ

ಸಹಾರಾ ಮರುಭೂಮಿಯ ವಿಸ್ತಾರ ಸುಮಾರು 90 ಲಕ್ಷ ಚದರ ಕಿಲೋಮೀಟರ್. ಅದರಲ್ಲಿ ಮರಳದಿಬ್ಬಗಳಿರುವುದು ಹೆಚ್ಚುಕಡಿಮೆ ಕಾಲು ಭಾಗದಲ್ಲಿ ಮಾತ್ರ. ಉಳಿದದ್ದೆಲ್ಲ ಬಂಡೆ, ಕಲ್ಲುಹರಳು, ಬೆಟ್ಟ ಮತ್ತು ಉಪ್ಪಿನ ಬಯಲು. ಅಲ್ಲಿಯ ಜನ ಈ ಬಗೆಗಳಿಗೆ ಬೇರೆಬೇರೆ ಹೆಸರಿಟ್ಟಿದ್ದಾರೆ: ಮರಳದಿಬ್ಬಗಳ ಕಡಲು "ಎರ್ಗ್", ಬಂಡೆಯ ಹಾಸು "ಹಮಾದಾ", ಹರಳುಗಲ್ಲಿನ ಬಯಲು "ರೆಗ್", ಮಳೆ ಬಂದಾಗ ಮಾತ್ರ ಹರಿಯುವ ಒಣಹಳ್ಳ "ವಾದಿ". ನೀವು ಈ ಪದಗಳನ್ನೇ ಬಳಸಬೇಕಾಗಿಲ್ಲ. ಆದರೆ ನಿಮ್ಮ ನಾಡಿನ ಜನಕ್ಕೂ ಇಂಥ ನಾಲ್ಕೈದು ಪದಗಳು ಇರಲೇಬೇಕು, ಏಕೆಂದರೆ ಕಾಲಿಡುವ ನೆಲ ಯಾವುದೆಂಬುದರ ಮೇಲೆ ಅವರ ಬದುಕು ನಿಂತಿರುತ್ತದೆ. ಕಲ್ಲುಹರಳಿನ ಬಯಲಿನಲ್ಲಿ ಒಂಟೆಯ ಮೆತ್ತನೆಯ ಪಾದ ಸೀಳುತ್ತದೆ. ಉಪ್ಪಿನ ಬಯಲಿನ ಮೇಲಣ ಗಟ್ಟಿ ಹೊರಪದರ ಹೊರೆಯ ಭಾರಕ್ಕೆ ಒಡೆದು ಕೆಸರಿನೊಳಕ್ಕೆ ಎಳೆದುಕೊಳ್ಳಬಹುದು.

ಮರಳದಿಬ್ಬಗಳನ್ನು ಚಿತ್ರಿಸುವಾಗ ಗಾಳಿಯ ದಿಕ್ಕನ್ನು ಮೊದಲು ನಿರ್ಧರಿಸಿ. ಗಾಳಿ ಸದಾ ಒಂದೇ ದಿಕ್ಕಿನಿಂದ ಬೀಸುತ್ತಿದ್ದು ಮರಳು ಮಿತವಾಗಿದ್ದರೆ ಅರ್ಧಚಂದ್ರದಾಕಾರದ ದಿಬ್ಬಗಳು ಹುಟ್ಟುತ್ತವೆ. ಅವುಗಳ ಎರಡು ಕೊಂಬುಗಳು ಗಾಳಿ ಹೋಗುವ ದಿಕ್ಕಿಗೆ ಚಾಚಿರುತ್ತವೆ. ಗಾಳಿ ಹಲವು ದಿಕ್ಕುಗಳಿಂದ ಬೀಸುವ ಕಡೆ ನಕ್ಷತ್ರದಂತೆ ತೋಳು ಚಾಚಿದ ಎತ್ತರದ ದಿಬ್ಬಗಳು ಏಳುತ್ತವೆ. ಗಾಳಿಗೆ ಎದುರಾದ ಬದಿ ನಿಧಾನವಾಗಿ ಏರಿ ಗಟ್ಟಿಯಾಗಿರುತ್ತದೆ. ಮರೆಯ ಬದಿ ಸುಮಾರು 34 ಡಿಗ್ರಿಯ ಇಳಿಜಾರಾಗಿದ್ದು ಕಾಲಿಟ್ಟರೆ ಮೊಣಕಾಲುದ್ದ ಕುಸಿಯುತ್ತದೆ, ಒಂದು ಹೆಜ್ಜೆ ಮೇಲಿಟ್ಟರೆ ಅರ್ಧ ಹೆಜ್ಜೆ ಕೆಳಗೆ ಜಾರುತ್ತದೆ. ದಾರಿ ಬಲ್ಲ ನಿಮ್ಮ ಪಾತ್ರ ಕತ್ತಲಲ್ಲಿಯೂ ದಿಬ್ಬದ ಬದಿಯನ್ನು ಕಾಲಿನಿಂದ ತಿಳಿದು ದಿಕ್ಕನ್ನು ಹೇಳಬಲ್ಲದು. ಇಂಥ ಒಂದೇ ಒಂದು ವಿವರ ಹತ್ತು ಸಾಲಿನ ಬಿಸಿಲಿನ ವರ್ಣನೆಗಿಂತ ಹೆಚ್ಚು ಕೆಲಸ ಮಾಡುತ್ತದೆ.

ಎಚ್ಚರಿಕೆ: ಮರಳಿನ ಬಿರುಗಾಳಿಯನ್ನೂ ದೂಳಿನ ಬಿರುಗಾಳಿಯನ್ನೂ ಬೆರೆಸಬೇಡಿ. ಮರಳಿನ ಕಣ ಭಾರವಾದದ್ದು. ಅದು ನೆಲಕ್ಕೆ ಹತ್ತಿರದಲ್ಲಿಯೇ ಕುಪ್ಪಳಿಸುತ್ತ ಸಾಗಿ ಕಾಲು, ಸೊಂಟಗಳಿಗೆ ಚುಚ್ಚುತ್ತದೆ. ಆಕಾಶದೆತ್ತರಕ್ಕೆ ಗೋಡೆಯಂತೆ ಎದ್ದು ಹಗಲನ್ನು ಕತ್ತಲಾಗಿಸುವುದು ದೂಳು. ಇನ್ನು ಬಿಸಿಲ್ಗುದುರೆಯ ಮಾತು. ಕಾದ ನೆಲದ ಮೇಲಣ ಬಿಸಿಗಾಳಿಯಲ್ಲಿ ಬೆಳಕು ಬಾಗಿ ಆಕಾಶವೇ ನೆಲದ ಮೇಲೆ ಕಾಣುವುದರಿಂದ ದೂರದಲ್ಲಿ ನೀರು ಹೊಳೆದಂತೆ ತೋರುತ್ತದೆ, ಹತ್ತಿರ ಹೋದಷ್ಟೂ ಹಿಂದೆ ಸರಿಯುತ್ತದೆ. ಅರಮನೆ, ತೋಟ, ಕಾರಂಜಿಗಳನ್ನು ಅದು ಹುಟ್ಟಿಸುವುದಿಲ್ಲ. ಅಲ್ಲಿಯೇ ಹುಟ್ಟಿ ಬೆಳೆದವರು ಅದಕ್ಕೆ ಮರುಳಾಗುವುದೂ ಇಲ್ಲ. ಮೋಸಹೋಗುವವರು ಹೊರಗಿನಿಂದ ಬಂದವರು.

ಹಂತ 3: ನೀರಿನ ನಕ್ಷೆಯನ್ನು ಬರೆಯಿರಿ

ಇದು ಎಲ್ಲಕ್ಕಿಂತ ಮುಖ್ಯವಾದ ಹಂತ. ಒಂದು ಇಡೀ ಸಂಜೆಯನ್ನು ಇದಕ್ಕೇ ಮೀಸಲಿಡಿ. ಹೆಚ್ಚಿನವರು ನಕ್ಷೆಯಲ್ಲಿ ಎರಡು ಮೂರು ಓಯಸಿಸ್‌ಗಳನ್ನು, ಅಂದರೆ ನೆಲದೊಳಗಿನ ನೀರು ಮೇಲೆ ಬಂದು ಹಸಿರಾಗಿರುವ ತಾಣಗಳನ್ನು, ಚುಕ್ಕೆಯಾಗಿ ಇಟ್ಟು ಮುಂದೆ ಹೋಗುತ್ತಾರೆ. ಆದರೆ ಮರುಭೂಮಿಯ ಜನ ನೀರನ್ನು ಕಂಡುಕೊಂಡಿರುವ ಬಗೆಗಳು ಹತ್ತಾರು. ಒಂದೊಂದು ಬಗೆಯೂ ಒಂದೊಂದು ತರಹದ ಸಮಾಜವನ್ನು ಬೇಡುತ್ತದೆ.

ನಮ್ಮದೇ ದೇಶದ ಥಾರ್ ಮರುಭೂಮಿಯನ್ನು ನೋಡಿ. ಅಲ್ಲಿ "ಕುಂಡ್" ಎಂಬ ನೆಲದಡಿಯ ತೊಟ್ಟಿಯಿದೆ. ಸುತ್ತಲಿನ ಅಂಗಳವನ್ನು ತಟ್ಟೆಯಂತೆ ನಡುವಿಗೆ ಇಳಿಜಾರು ಮಾಡಿ, ಬಿದ್ದ ಮಳೆಯೆಲ್ಲ ಮುಚ್ಚಳವಿರುವ ತೊಟ್ಟಿಗೆ ಸೇರುವಂತೆ ಕಟ್ಟುತ್ತಾರೆ. ಇದು ಒಂದು ಮನೆಯ ಅಥವಾ ಒಂದು ಕೇರಿಯ ಸ್ವತ್ತು. "ಕುಂಯೀ" ಎಂಬುದು ಇನ್ನೊಂದು ಬಗೆ. ಮರಳಿನ ಕೆಳಗೆ ಜಿಪ್ಸಮ್ ಪದರವಿರುವ ಕಡೆ ಮಳೆಯ ನೀರು ಆಳದ ಉಪ್ಪುನೀರಿಗೆ ಸೇರದೆ ಮರಳಿನಲ್ಲಿಯೇ ತೇವವಾಗಿ ನಿಲ್ಲುತ್ತದೆ. ಅಲ್ಲಿಗೆ ಕಿರಿದಾದ ಬಾವಿ ತೋಡಿದರೆ ಆ ತೇವ ಹನಿಹನಿಯಾಗಿ ಒಸರಿ ದಿನಕ್ಕೆ ಕೆಲವೇ ಕೊಡಗಳಷ್ಟು ಸಿಹಿನೀರಾಗುತ್ತದೆ. ಮೂರನೆಯದು "ಖಡೀನ್". ಇಳಿಜಾರಿನ ತಗ್ಗಿಗೆ ಅಡ್ಡಲಾಗಿ ಉದ್ದನೆಯ ಮಣ್ಣಿನ ಏರಿ ಹಾಕಿ, ಮಳೆಗಾಲದಲ್ಲಿ ನಿಂತ ನೀರು ಇಂಗಿದ ಬಳಿಕ ಆ ಹಸಿಯಲ್ಲಿಯೇ ಗೋಧಿ, ಕಡಲೆಗಳನ್ನು ಬಿತ್ತುವ ಪದ್ಧತಿಯಿದು. ಜೈಸಲ್ಮೇರ್ ಸೀಮೆಯಲ್ಲಿ ಇದನ್ನು ಬೆಳೆಸಿದವರು ಪಾಲಿವಾಲ್ ಸಮುದಾಯದವರು. ಖಡೀನ್ ಒಬ್ಬರಿಂದ ಆಗುವ ಕೆಲಸವಲ್ಲ. ಮೇಲಿನ ಜಮೀನಿನವರು ನೀರನ್ನು ತಡೆಯಬಾರದು, ಕೆಳಗಿನವರು ಏರಿಯನ್ನು ಒಡೆಯಬಾರದು, ಬಂದ ಬೆಳೆ ಹಂಚಿಕೆಯಾಗಬೇಕು. ಒಂದು ಮಣ್ಣಿನ ಏರಿಯ ಹಿಂದೆ ಇಡೀ ಊರಿನ ಕಟ್ಟಳೆ ನಿಂತಿರುವುದು ನಿಮಗೆ ಕಾಣುತ್ತದೆಯಲ್ಲವೇ?

ನಾಲ್ಕನೆಯದು ಇರಾನಿನಲ್ಲಿ ಕನಾತ್ ಅಥವಾ ಕಾರೇಜ್ ಎಂದು ಕರೆಯುವ ಸುರಂಗ ಕಾಲುವೆ. ಬೆಟ್ಟದ ಬುಡದಲ್ಲಿರುವ ಅಂತರ್ಜಲದಿಂದ ಊರಿನವರೆಗೆ, ಬಿಸಿಲಿಗೆ ಆವಿಯಾಗದಂತೆ, ನೆಲದಡಿಯಲ್ಲಿ ಅತಿ ಸಣ್ಣ ಇಳಿಜಾರಿನ ಸುರಂಗವನ್ನು ಕೊರೆಯುತ್ತಾರೆ. ಮಣ್ಣು ತೆಗೆಯಲು ಮತ್ತು ಗಾಳಿಯಾಡಲು ಸಾಲಾಗಿ ಬಾವಿಯಂಥ ಕಂಡಿಗಳನ್ನು ತೋಡುತ್ತಾರೆ. ಇದನ್ನು ಕಣ್ಣಾರೆ ಕಾಣಬೇಕೆಂದರೆ ಇರಾನಿಗೆ ಹೋಗಬೇಕಾಗಿಲ್ಲ. ಬಹಮನಿಗಳ ಕಾಲದ ಕಾರೇಜ್ ಬೀದರಿನ ನೌಬಾದಿನಲ್ಲಿದೆ. ಆದಿಲಶಾಹಿಗಳ ಕಾಲದ ಸುರಂಗ ಬಾವಡಿ ವಿಜಯಪುರದಲ್ಲಿದೆ. ಮರುಭೂಮಿಯ ಕತೆ ಬರೆಯಲು ಹೊರಟಿರುವ ಕನ್ನಡದ ಲೇಖಕರು ಬೀದರಿಗೆ ಒಮ್ಮೆ ಹೋಗಿ ಆ ಕಂಡಿಯೊಳಕ್ಕೆ ಇಣುಕಿ ಬರಬೇಕೆಂಬುದು ನನ್ನ ಆಸೆ.

ಈಗ ನಕ್ಷೆಯಲ್ಲಿ ಪ್ರತಿಯೊಂದು ನೀರಿನ ತಾಣವನ್ನೂ ನೀಲಿಯಲ್ಲಿ ಗುರುತಿಸಿ, ನೋಟ್‌ಬುಕ್ಕಿನಲ್ಲಿ ಅದರೆದುರು ಮೂರು ಪ್ರಶ್ನೆಗಳಿಗೆ ಉತ್ತರ ಬರೆಯಿರಿ. ನೀರು ಸಿಹಿಯೋ ಸವುಳೋ? ವರ್ಷದ ಯಾವ ತಿಂಗಳಲ್ಲಿ ಬತ್ತುತ್ತದೆ? ಅದನ್ನು ಅಳೆದು ಕೊಡುವವರು ಯಾರು? ಮೂರನೆಯ ಪ್ರಶ್ನೆಗೆ ನಮ್ಮಲ್ಲಿಯೇ ಒಳ್ಳೆಯ ಮಾದರಿಯಿದೆ. ಕೆರೆಯ ತೂಬೆತ್ತಿ ಗದ್ದೆಗಳಿಗೆ ಸರದಿಯಂತೆ ನೀರು ಬಿಡುವ ನೀರಗಂಟಿ ಹಳೆಯ ಮೈಸೂರು ಸೀಮೆಯ ಹಳ್ಳಿಗಳಲ್ಲಿ ಇದ್ದವನೇ. ಇರಾನಿನ ಹಳ್ಳಿಗಳಲ್ಲಿ ಅಂಥವನು ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಡುತ್ತಿದ್ದನು. ಬಟ್ಟಲು ತುಂಬಿ ಮುಳುಗಿದರೆ ಒಂದು ಪಾಳಿ ಮುಗಿಯಿತೆಂದು ಅರ್ಥ. ನಮ್ಮ ಹಿರಿಯರು ಮದುವೆಯ ಮುಹೂರ್ತಕ್ಕೆ ಇಡುತ್ತಿದ್ದ ಗಳಿಗೆ ಬಟ್ಟಲೂ ಇದೇ ತತ್ತ್ವದ್ದು. ಬೇಗೆನಾಡಿನ ಏಳುಬಾವಿ ಎಂಬ ಊರಿನಲ್ಲಿ ನೀರಗಂಟಿಯಾಗಿರುವವಳು ಒಬ್ಬ ಮುದುಕಿ. ಅವಳ ಬಟ್ಟಲಿನ ತೂತಿನಲ್ಲಿ ಒಂದು ಮರಳಿನ ಕಣ ಸಿಕ್ಕಿಕೊಂಡರೆ ಒಬ್ಬರ ಪಾಳಿ ಉದ್ದವಾಗುತ್ತದೆ, ಇನ್ನೊಬ್ಬರ ಸಜ್ಜೆಯ ಹೊಲ ಒಣಗುತ್ತದೆ. ಒಂದು ಕಾದಂಬರಿಗೆ ಬೇಕಾದ ಜಗಳ ಆ ಕಣದಲ್ಲಿಯೇ ಇದೆ.

ಎಚ್ಚರಿಕೆ: ಮರುಭೂಮಿಯಲ್ಲಿ ನೀರಿನಿಂದಲೇ ಸಾವು ಬರುವುದುಂಟು ಎಂಬುದನ್ನು ಬಹಳ ಮಂದಿ ಮರೆಯುತ್ತಾರೆ. ಗಟ್ಟಿಯಾಗಿ ಕಾದ ನೆಲ ಜೋರು ಮಳೆಯನ್ನು ಬೇಗ ಹೀರಿಕೊಳ್ಳಲಾರದು. ದೂರದ ಬೆಟ್ಟದಲ್ಲಿ ಬಿದ್ದ ಮಳೆ, ಇಲ್ಲಿ ಆಕಾಶ ತಿಳಿಯಾಗಿರುವಾಗಲೇ, ಒಣಹಳ್ಳದಲ್ಲಿ ಹಠಾತ್ತನೆ ನುಗ್ಗಿಬರುತ್ತದೆ. ಅನುಭವಿಗಳು ಒಣಹಳ್ಳದ ಪಾತ್ರದಲ್ಲಿ ಎಂದೂ ಬಿಡಾರ ಹೂಡುವುದಿಲ್ಲ. ನಿಮ್ಮ ಪಾತ್ರಗಳು ಹೂಡಿದರೆ ಅದಕ್ಕೆ ತಕ್ಕ ಬೆಲೆ ತೆರಬೇಕು.

ಹಂತ 4: ದೂರವನ್ನು ಲೆಕ್ಕ ಹಾಕಿ

ಹೊರೆ ಹೊತ್ತ ಒಂಟೆಗಳ ಸಾಲು ದಿನಕ್ಕೆ 30ರಿಂದ 40 ಕಿ.ಮೀ. ಸಾಗುತ್ತದೆ. ಗ್ರಾಫ್ ಹಾಳೆಯ ಒಂದು ಚೌಕ ಅಷ್ಟು ಎಂದುಕೊಳ್ಳಿ. ಈಗ ನೋಟ್‌ಬುಕ್ ತೆರೆಯಿರಿ.

ಏಳುಬಾವಿಯಿಂದ ಉಪ್ಪಿನಹಾಳು ಎಂಬ ಊರಿಗೆ ಆರು ಚೌಕ, ನಡುವೆ ನೀರಿಲ್ಲ. ಇಪ್ಪತ್ತು ಜನ ಹೊರಟಿದ್ದಾರೆ. ಬಿಸಿಲಿನಲ್ಲಿ ನಡೆಯುವವನಿಗೆ ದಿನಕ್ಕೆ 8 ಲೀಟರ್ ನೀರು ಎಂದು ಹಿಡಿದರೆ 20 ಜನಕ್ಕೆ 6 ದಿನಕ್ಕೆ 960 ಲೀಟರ್ ಬೇಕು. ತೊಗಲಿನ ತಿತ್ತಿಗಳು ಸೋರುವುದಕ್ಕೆ, ಆವಿಯಾಗುವುದಕ್ಕೆ ಐದನೆಯ ಒಂದು ಭಾಗ ಸೇರಿಸಿದರೆ 1150 ಲೀಟರ್ ದಾಟುತ್ತದೆ. ಒಂದು ಒಂಟೆ 150 ಕಿಲೋ ಹೊರುತ್ತದೆ ಎಂದಿಟ್ಟುಕೊಂಡರೆ ಬರಿಯ ನೀರಿಗೇ ಎಂಟು ಒಂಟೆಗಳು ಬೇಕಾಗುತ್ತವೆ. ಸರಕಿನ ಲೆಕ್ಕ ಇನ್ನೂ ಶುರುವಾಗಿಲ್ಲ. ಈ ಗುಂಪಿಗೆ ಹತ್ತು ಕುದುರೆಗಳನ್ನು ಸೇರಿಸಿ ನೋಡಿ: ಕುದುರೆಯೊಂದಕ್ಕೆ ದಿನಕ್ಕೆ 30 ಲೀಟರ್ ಎಂದರೂ ಆರು ದಿನಕ್ಕೆ 1800 ಲೀಟರ್, ಅಂದರೆ ಇನ್ನೂ ಹನ್ನೆರಡು ಒಂಟೆಗಳು. ಮರುಭೂಮಿಯ ನಟ್ಟನಡುವೆ ಸಾವಿರ ಕುದುರೆಗಳ ದಂಡನ್ನು ನುಗ್ಗಿಸುವ ಮೊದಲು ಈ ಲೆಕ್ಕವನ್ನು ಒಮ್ಮೆ ಮಾಡಿ. ಒಂಟೆಯ ಮಾತು ಬೇರೆ. ಅದರ ಡುಬ್ಬದಲ್ಲಿರುವುದು ಕೊಬ್ಬು, ನೀರಲ್ಲ. ಆದರೆ ಮೈತೂಕದ ಕಾಲು ಭಾಗದಷ್ಟು ನೀರು ಕಳೆದುಕೊಂಡರೂ ಅದು ತಾಳಿಕೊಳ್ಳುತ್ತದೆ, ಬಾವಿ ಸಿಕ್ಕಾಗ ಒಂದೇ ಸಲಕ್ಕೆ ನೂರು ಲೀಟರಿನಷ್ಟು ಕುಡಿಯುತ್ತದೆ. ಹೀಗಾಗಿ ಒಂಟೆಸಾಲು ಬಾವಿಯ ಬಳಿ ಬಂದಾಗ ಅಲ್ಲಿಯ ಊರಿನವರ ಎದೆ ಝಲ್ಲೆನ್ನುವುದು ಸಹಜ.

1352ರಲ್ಲಿ ಸಹಾರಾವನ್ನು ದಾಟಿದ ಪ್ರವಾಸಿ ಇಬ್ನ್ ಬತೂತ ಬರೆದಿಟ್ಟಿರುವ ಒಂದು ಏರ್ಪಾಡು ಈ ಲೆಕ್ಕದ ಮಹತ್ವವನ್ನು ಚೆನ್ನಾಗಿ ತೋರಿಸುತ್ತದೆ. ವಲಾತಾ ಎಂಬ ಊರನ್ನು ಮುಟ್ಟುವ ಮೊದಲೇ ವರ್ತಕರು "ತಕ್‌ಶೀಫ್" ಎಂಬ ಒಬ್ಬ ದೂತನನ್ನು ಮುಂದೆ ಕಳುಹಿಸುತ್ತಿದ್ದರು. ಅವನು ಪತ್ರಗಳೊಂದಿಗೆ ಒಂಟಿಯಾಗಿ ಹೋಗಿ ಮುಟ್ಟಿದರೆ ಊರಿನವರು ನಾಲ್ಕು ದಿನದ ದಾರಿ ಎದುರು ಬಂದು ನೀರು ಕೊಡುತ್ತಿದ್ದರು. ಅವನು ದಾರಿಯಲ್ಲಿ ಸತ್ತರೆ ಹಿಂದಿನಿಂದ ಬರುತ್ತಿದ್ದವರ ಗತಿಯೂ ಹೆಚ್ಚುಕಡಿಮೆ ಅಷ್ಟೇ. ನಿಮ್ಮ ನಾಡಿನಲ್ಲಿಯೂ ಇಂಥ ಒಂದು ಉದ್ಯೋಗ ಇರಬೇಕು, ಅದಕ್ಕೊಂದು ಹೆಸರಿರಬೇಕು. ಬೇಗೆನಾಡಿನಲ್ಲಿ ಅವರನ್ನು ಮುಂಗಾಲಿಗರು ಎನ್ನುತ್ತಾರೆ.

ಹಂತ 5: ಗಿಡ, ಮರ, ಪ್ರಾಣಿ

ಇಲ್ಲಿ ನಿಮಗೆ ಸ್ವಾತಂತ್ರ್ಯ ಹೆಚ್ಚು. ಆದರೂ ಯಾವ ಜೀವಿಯನ್ನು ಸೃಷ್ಟಿಸಿದರೂ ಅದು ಏನು ತಿನ್ನುತ್ತದೆ, ನೀರನ್ನು ಎಲ್ಲಿಂದ ಪಡೆಯುತ್ತದೆ ಎಂಬ ಎರಡು ಪ್ರಶ್ನೆಗಳಿಗೆ ಉತ್ತರ ನಿಮ್ಮಲ್ಲಿರಲಿ. ನಿಜದ ಮರುಭೂಮಿಗಳಲ್ಲಿಯೇ ಬೆರಗುಗೊಳಿಸುವ ಮಾದರಿಗಳಿವೆ. ನಮೀಬ್‌ನಲ್ಲಿ ಒಂದು ಜೀರುಂಡೆ ಬೆಳಗಿನ ಮಂಜಿಗೆ ಬೆನ್ನೊಡ್ಡಿ ತಲೆಕೆಳಗಾಗಿ ನಿಲ್ಲುತ್ತದೆ. ಬೆನ್ನಿನ ಮೇಲೆ ಕಟ್ಟಿದ ಹನಿ ಉರುಳಿ ಬಾಯಿಗೆ ಬರುತ್ತದೆ. ಸ್ಯಾಂಡ್‌ಗ್ರೌಸ್ ಎಂಬ ಹಕ್ಕಿಯ ಗಂಡು ದೂರದ ನೀರಿನಲ್ಲಿ ಎದೆಯ ಗರಿಗಳನ್ನು ನೆನೆಸಿಕೊಂಡು ಹಾರಿಬಂದು ಮರಿಗಳಿಗೆ ಕುಡಿಸುತ್ತದೆ. ಮರಳಿನಡಿಯಲ್ಲಿ ದೈತ್ಯ ಮೃಗವೊಂದನ್ನು ಇಡುವುದಕ್ಕಿಂತ ಇಂಥ ಸಣ್ಣ ಹಕ್ಕಿಯೊಂದನ್ನು ಇಟ್ಟು, ಅದು ಹಾರುವ ದಿಕ್ಕನ್ನು ನೋಡಿ ನೀರನ್ನು ಹುಡುಕುವ ಹುಡುಗನೊಬ್ಬನನ್ನು ತಂದರೆ ನಾಡು ಹೆಚ್ಚು ನಿಜವಾಗುತ್ತದೆ ಎಂದು ನನ್ನ ಅನಿಸಿಕೆ.

ಎಚ್ಚರಿಕೆ: ಕಳ್ಳಿಯನ್ನು ಕಡಿದು ನೀರು ಕುಡಿಯುವ ದೃಶ್ಯವನ್ನು ದಯವಿಟ್ಟು ಕೈಬಿಡಿ. ಪಾಪಾಸುಕಳ್ಳಿಯ ಬಳಗ ಮೂಲತಃ ಅಮೆರಿಕ ಖಂಡಗಳದ್ದು. ಅದರಲ್ಲಿಯೂ ಹೆಚ್ಚಿನವುಗಳ ರಸ ಕುಡಿಯಲು ತಕ್ಕುದಲ್ಲ. ನಮ್ಮ ಕಡೆಯ ಹಾಲುಗಳ್ಳಿಗಳ ಹಾಲಂತೂ ಬಾಯಿ, ಕಣ್ಣುಗಳನ್ನು ಸುಡುವಂಥ ವಿಷ.

ಹಂತ 6: ಜನ, ಕಟ್ಟಳೆ, ನಂಬಿಕೆ

ಮರುಭೂಮಿಯ ಜನರೆಲ್ಲರೂ ಅಲೆಮಾರಿಗಳು, ಅಲೆಮಾರಿಗಳೆಲ್ಲರೂ ದರೋಡೆಕೋರರು ಎಂಬ ಚಿತ್ರ ಸವೆದು ಹೋಗಿದೆ, ಮಾತ್ರವಲ್ಲ, ಅದು ಅನ್ಯಾಯವೂ ಹೌದು. ಒಂದೇ ಮರುಭೂಮಿಯಲ್ಲಿ ತೋಟ ಮಾಡುವವರು, ದನಗಾಹಿಗಳು, ಉಪ್ಪು ತೆಗೆಯುವವರು, ಸುರಂಗ ತೋಡುವವರು, ಲೆಕ್ಕ ಬರೆಯುವವರು ಇರುತ್ತಾರೆ. ಇವರ ನಡುವೆ ಕೊಡುಕೊಳ್ಳುವಿಕೆಯೂ ಇರುತ್ತದೆ, ಅಸಮಾಧಾನವೂ ಇರುತ್ತದೆ. ಓಯಸಿಸ್‌ನ ತೋಟವನ್ನೇ ತೆಗೆದುಕೊಂಡರೆ, ಮೇಲೆ ಖರ್ಜೂರದ ನೆರಳು, ಅದರ ಕೆಳಗೆ ದಾಳಿಂಬೆಯಂಥ ಹಣ್ಣಿನ ಮರಗಳು, ನೆಲದಲ್ಲಿ ತರಕಾರಿ ಹೀಗೆ ಮೂರು ಅಂತಸ್ತಿನ ಬೇಸಾಯ ಅಲ್ಲಿ ನಡೆಯುತ್ತದೆ. ಅದರ ಹಿಂದೆ ತಲೆಮಾರುಗಳ ಬೆವರಿದೆ.

ಪ್ರತಿ ಊರಿಗೂ ಅದು ಏನನ್ನು ಹೊರಗೆ ಕಳುಹಿಸುತ್ತದೆ, ಏನನ್ನು ತರಿಸಿಕೊಳ್ಳುತ್ತದೆ ಎಂದು ಬರೆದಿಡಿ. ಸಹಾರಾದ ತಘಾಜಾ ಎಂಬ ಗಣಿಯೂರಿನಲ್ಲಿ ಮನೆಗಳ ಗೋಡೆಯೂ ಉಪ್ಪಿನ ಗಟ್ಟಿಗಳದ್ದೇ ಆಗಿತ್ತು, ಮಾಡಿಗೆ ಒಂಟೆಯ ಚರ್ಮವಿತ್ತು. ಒಂದು ಮರವೂ ಇಲ್ಲದ ಆ ಊರಿಗೆ ಖರ್ಜೂರ, ಧಾನ್ಯಗಳೆಲ್ಲ ಹೊರಗಿನಿಂದಲೇ ಬರಬೇಕಿತ್ತು ಎಂದು ಅದೇ ಇಬ್ನ್ ಬತೂತ ಬರೆಯುತ್ತಾನೆ. ನಮ್ಮ ಉಪ್ಪಿನಹಾಳು ಕೂಡ ಹಾಗೆಯೇ: ಉಪ್ಪು ಬೆಟ್ಟದಷ್ಟಿದೆ, ಹಿಡಿ ಸಜ್ಜೆ ಬೆಳೆಯದು. ದಾರಿಯನ್ನು ಎರಡು ತಿಂಗಳು ಮುಚ್ಚಿದವನು ಕತ್ತಿಯನ್ನು ಹಿರಿಯದೆಯೇ ಆ ಊರನ್ನು ಗೆಲ್ಲುತ್ತಾನೆ.

ನಂಬಿಕೆಗಳು ಈ ನೆಲದಿಂದಲೇ ಹುಟ್ಟಲಿ. 1730ರಲ್ಲಿ ಜೋಧಪುರದ ಬಳಿಯ ಖೇಜಡ್ಲಿಯಲ್ಲಿ, ಅರಸನ ಆಳುಗಳು ಖೇಜಡಿ ಮರಗಳನ್ನು ಕಡಿಯಲು ಬಂದಾಗ, ಅಮೃತಾದೇವಿಯ ಮುಂದಾಳುತನದಲ್ಲಿ ಬಿಷ್ಣೋಯಿ ಪಂಥದ 363 ಮಂದಿ ಮರಗಳನ್ನು ಅಪ್ಪಿಕೊಂಡು ಪ್ರಾಣ ಕೊಟ್ಟರು. ಖೇಜಡಿ ಎಂದರೆ ಬೇರೆ ಯಾವುದೂ ಅಲ್ಲ, ನಾವು ವಿಜಯದಶಮಿಯಂದು ಪೂಜಿಸಿ ಎಲೆ ಹಂಚುವ ಬನ್ನಿಮರ. ನೆರಳು, ಮೇವು, ಕಾಯಿ, ಸೌದೆ ಎಲ್ಲವನ್ನೂ ಕೊಡುವ ಒಂದೇ ಮರ ಒಣನೆಲದಲ್ಲಿ ಎಷ್ಟು ಪವಿತ್ರವಾಗಬಲ್ಲದು ಎಂಬುದನ್ನು ತಿಳಿದ ಮೇಲೆ ನಿಮ್ಮ ನಾಡಿನ ದೇವರನ್ನು ಬೇರೆ ಎಲ್ಲಿಂದಲೋ ಎರವಲು ತರಬೇಕಾಗುವುದಿಲ್ಲ.

ಹಂತ 7: ಮಾಟಮಂತ್ರಕ್ಕೆ ಮಿತಿ ಹಾಕಿ

ನಿಮ್ಮ ಲೋಕದಲ್ಲಿ ಮಂತ್ರವಿದ್ದರೆ ಒಂದು ಅಪಾಯವಿದೆ. ಮಾಂತ್ರಿಕನು ಬೇಕೆಂದಾಗ ನೀರು ಬರಿಸಬಲ್ಲನಾದರೆ ಬಾವಿ, ಒಂಟೆ, ಮುಂಗಾಲಿಗ, ನೀರಗಂಟಿ ಯಾರೂ ಬೇಕಾಗುವುದಿಲ್ಲ. ಈವರೆಗೆ ಕಟ್ಟಿದ್ದೆಲ್ಲ ಒಂದು ಮಂತ್ರಕ್ಕೆ ಕುಸಿಯುತ್ತದೆ. ಹೊಸ ನೀರನ್ನು ಹುಟ್ಟಿಸಲಾಗದು, ಇರುವ ನೀರನ್ನು ಒಂದು ಕಡೆಯಿಂದ ಇನ್ನೊಂದು ಕಡೆಗೆ ಸೆಳೆಯಬಹುದು ಎಂಬ ನಿಯಮ ಇಟ್ಟುಕೊಳ್ಳಿ. ಆಗ ಒಬ್ಬನ ಮಂತ್ರ ಇನ್ನೊಬ್ಬನ ಬಾವಿಯನ್ನು ಬತ್ತಿಸುತ್ತದೆ, ಕತೆ ಗಟ್ಟಿಯಾಗುತ್ತದೆ.

ಹಂತ 8: ಹೆಸರಿಡಿ

ಹೆಸರುಗಳನ್ನು ಕೊನೆಯ ಭಾಗಕ್ಕೆ ಇಟ್ಟಿರುವುದು ಬೇಕೆಂದೇ. ನೀರು, ನೆಲ, ಉದ್ಯೋಗಗಳು ತೀರ್ಮಾನವಾದ ಮೇಲೆ ಹೆಸರುಗಳು ತಾವಾಗಿಯೇ ಬರುತ್ತವೆ. ನಿಜದ ಒಣನಾಡುಗಳಲ್ಲಿ ಊರಿನ ಹೆಸರೇ ನೀರಿನ ಸುದ್ದಿ ಹೇಳುತ್ತದೆ. ಅರಬ್ಬೀ ಸೀಮೆಯಲ್ಲಿ "ಬಿರ್" ಎಂದರೆ ಬಾವಿ, "ಐನ್" ಎಂದರೆ ಚಿಲುಮೆ. ರಾಜಸ್ಥಾನದಲ್ಲಿ ಕೊಳ ಎಂಬ ಅರ್ಥದ "ಸರ್" ಎಂದು ಕೊನೆಯಾಗುವ ಊರುಗಳ ಸಾಲೇ ಇದೆ. ನಮ್ಮ ಬಯಲುಸೀಮೆಯಲ್ಲಿ ಕೆರೆ, ಬಾವಿ, ಹಳ್ಳಗಳಿಂದ ಕೊನೆಯಾಗುವ ಊರುಗಳಿಗೆ ಲೆಕ್ಕವಿಲ್ಲ. ಬಾಯಿಗೆ ಬಂದ ಅರಬ್ಬಿಯಂಥ ಸದ್ದುಗಳನ್ನು ಜೋಡಿಸಿ ಹೆಸರು ಮಾಡುವುದಕ್ಕಿಂತ ಕನ್ನಡದ ಒಳಗಿನಿಂದಲೇ ಹುಡುಕಿ. ಸೆಲೆ, ಒರತೆ, ತಲಪರಿಗೆ, ಮಡು, ಕೊಳ್ಳ, ದಿನ್ನೆ, ಹಾಳು, ಸವುಳು, ಬೇಗೆ, ಬಿಸಿಲು: ಇಷ್ಟರಿಂದಲೇ ಐವತ್ತು ಊರುಗಳನ್ನು ಕಟ್ಟಬಹುದು. ಒರತೆ ಬತ್ತಿದ ಮೇಲೂ ಒರತೆಯ ಹೆಸರನ್ನೇ ಹೊತ್ತಿರುವ ಒಂದು ಪಾಳೂರನ್ನು ಮರೆಯದೆ ಸೇರಿಸಿ. ನಕ್ಷೆಯನ್ನು ನಂಬಿ ಬಂದವನಿಗೆ ಅದು ಏನು ಮಾಡುತ್ತದೆಂದು ಹೇಳಬೇಕಾಗಿಲ್ಲ.

ಹಂತ 9: ಮರಳಿನಡಿಗೆ ಒಂದು ಕಾಲವನ್ನು ಹೂಳಿ

ಹೂತುಹೋದ ಊರಿಲ್ಲದ ಮರುಭೂಮಿಯ ಕತೆ ಅಪರೂಪ. ಆದರೆ ಅದು ಏಕೆ ಹೂತುಹೋಯಿತು ಎಂಬುದಕ್ಕೆ ಕಾರಣವಿರಲಿ. ಮಧ್ಯ ಏಷ್ಯಾದ ತಕ್ಲಮಕಾನ್ ಮರುಭೂಮಿಯಲ್ಲಿ ನಿಯಾ ಎಂಬ ಹಾಳೂರಿದೆ. ಹಿಮದ ಬೆಟ್ಟಗಳಿಂದ ಇಳಿದು ಮರಳಿನಲ್ಲಿ ಕೊನೆಯಾಗುವ ಹೊಳೆಯನ್ನೇ ನಂಬಿದ್ದ ಊರದು. 1901ರಲ್ಲಿ ಅಲ್ಲಿಗೆ ಹೋದ ಪುರಾತತ್ತ್ವ ಶೋಧಕ ಆರೆಲ್ ಸ್ಟೈನ್‌ಗೆ ದೊರೆತದ್ದು ಖರೋಷ್ಠಿ ಲಿಪಿಯಲ್ಲಿ, ಪ್ರಾಕೃತ ಭಾಷೆಯಲ್ಲಿ ಬರೆದ ನೂರಾರು ಮರದ ಹಲಗೆಗಳು. ಅವುಗಳಲ್ಲಿರುವುದು ನಿಧಿಯ ಗುಟ್ಟಲ್ಲ. ತೆರಿಗೆ, ಜಮೀನು, ಒಂಟೆ, ನೀರುಗಳ ವ್ಯಾಜ್ಯಗಳು. ನಿಮ್ಮ ಹಾಳೂರಿನಲ್ಲಿಯೂ ಶಾಪಗ್ರಸ್ತ ಕಿರೀಟಕ್ಕಿಂತ ಹಳೆಯ ನೀರಗಂಟಿಯ ಲೆಕ್ಕದ ಹಲಗೆ ಸಿಗಲಿ ಎಂದು ನಾನು ಹೇಳುತ್ತೇನೆ.

ಶಾಪವನ್ನು ತರಬಾರದೆಂದಲ್ಲ. "ತಲಕಾಡು ಮರಳಾಗಲಿ, ಮಾಲಂಗಿ ಮಡುವಾಗಲಿ" ಎಂಬ ಮಾತನ್ನು ಕೇಳದ ಕನ್ನಡಿಗರು ಕಡಿಮೆ. ಕಾವೇರಿಯ ದಡದಲ್ಲಿ ದೇವಾಲಯಗಳನ್ನೇ ಮುಚ್ಚಿದ ಆ ಮರಳಿಗೆ ಹೊಳೆಯ ಪಾತ್ರ ಮತ್ತು ಗಾಳಿಗಳ ಕಾರಣವೂ ಇದೆ, ಜನರ ನೆನಪಿನಲ್ಲಿ ಉಳಿದ ಅಲಮೇಲಮ್ಮನ ಶಾಪವೂ ಇದೆ. ನಿಮ್ಮ ಲೋಕದಲ್ಲಿಯೂ ಎರಡನ್ನೂ ಇಡಿ, ಯಾವುದು ನಿಜವೆಂದು ತೀರ್ಪು ಕೊಡಲು ಅವಸರಪಡಬೇಡಿ.

ಹಂತ 10: ಮೊದಲ ದೃಶ್ಯವನ್ನು ಬರೆದು ಪರೀಕ್ಷಿಸಿ

ನಕ್ಷೆ, ಲೆಕ್ಕ, ಹೆಸರುಗಳೆಲ್ಲ ಸಿದ್ಧವಾದ ಮೇಲೆ ಮುನ್ನೂರು ಪದಗಳ ಒಂದು ದೃಶ್ಯವನ್ನು ಬರೆಯಿರಿ. ಯುದ್ಧವಾಗಲಿ ಬಿರುಗಾಳಿಯಾಗಲಿ ಬೇಡ. ಒಬ್ಬರು ಬಾವಿಗೆ ಬಂದು ನೀರು ಕೇಳುತ್ತಾರೆ, ಇನ್ನೊಬ್ಬರು ಕೊಡುತ್ತಾರೆ ಅಥವಾ ಕೊಡುವುದಿಲ್ಲ, ಅಷ್ಟೇ ಇರಲಿ. ಕೇಳುವವರು ಬಾವಿಯಿಂದ ಎಷ್ಟು ಹೆಜ್ಜೆ ದೂರದಲ್ಲಿ ನಿಲ್ಲಬೇಕು, ಮೊದಲ ಬೊಗಸೆ ಮನುಷ್ಯನಿಗೋ ಪ್ರಾಣಿಗೋ, ತುಳುಕಿದ ನೀರಿಗೆ ಏನೆನ್ನುತ್ತಾರೆ, ಹಗ್ಗ ಉಜ್ಜಿ ಕಲ್ಲಿನಲ್ಲಿ ಬಿದ್ದ ಗೀರು ಎಷ್ಟು ಆಳವಾಗಿದೆ ಎಂಬುದನ್ನೆಲ್ಲ ಆ ಪುಟದಲ್ಲಿ ತನ್ನಿ.

ಬರೆದು ಮುಗಿಸಿದ ಮೇಲೆ "ಮರಳು", "ಬಿಸಿಲು" ಎಂಬ ಪದಗಳು ಎಷ್ಟು ಸಲ ಬಂದಿವೆ ಎಂದು ಎಣಿಸಿ, ಅರ್ಧಕ್ಕರ್ಧ ಹೊಡೆದುಹಾಕಿ ಮತ್ತೊಮ್ಮೆ ಓದಿ. ಆಗಲೂ ಓದುವವರಿಗೆ ಬಾಯಾರಿಕೆಯಾದರೆ ಎರಡನೆಯ ದೃಶ್ಯಕ್ಕೆ ಹೋಗಬಹುದು. ಇಲ್ಲವಾದರೆ ಮೂರನೆಯ ಹಂತಕ್ಕೆ ಮರಳಿ, ಆ ಬಾವಿಯ ಎದುರು ಬರೆದಿಟ್ಟ ಮೂರು ಉತ್ತರಗಳನ್ನು ಇನ್ನೊಮ್ಮೆ ನೋಡಿ.